ಲೋಕಸೂಚಿ ತಗೊಳ್ಳೋರು ಓದ್ರಿ: ಕೆಳಗ ಹೋಗಾಕ ಭಾರಿ, ಮ್ಯಾಲ ಹೋಗಾಕ ಬ್ಯಾಡ

ಲೋಕಸೂಚಿ ಅನ್ನೋ ಈ ಯಂತ್ರ ಹದಿನಾಲ್ಕು ಲೋಕಕ್ಕ ದಾರಿ ತೋರಸ್ತೈತಿ ಅಂತ ಬಾಕ್ಸಿನ ಮ್ಯಾಲ ದೊಡ್ಡದಾಗಿ ಬರದಾರ, ಖರೇನ ಐತಿ, ಆದ್ರ ಹದಿನಾಲ್ಕಕ್ಕೂ ಒಂದ ಥರಾ ತೋರಸೂದಿಲ್ಲ. ನಾ ಹುಬ್ಬಳ್ಳ್ಯಾಗ ಕೊಪ್ಪಿಕರ್ ರೋಡ್ ಕಡೆ ಒಂದು ಅಂಗಡ್ಯಾಗ 18,500ಕ್ಕ ತಗೊಂಡೆ, 20 ಸಾವಿರ ಹೇಳ್ತಾರ, ಎದ್ದು ಹೊಂಟಂಗ ಮಾಡಿದ್ರ ಇಳಸ್ತಾರ. ನೋಡಾಕ ಕುಂಕುಮದ ಭರಣಿ ಹಂಗ ಐತಿ, ಹಿತ್ತಾಳಿದು, ಮುಚ್ಚಳ ತಗದ್ರ ಒಳಗ ಒಂದು ಮುಳ್ಳು, ಭೂಲೋಕ ಹಿಡದು ಮ್ಯಾಲ ಏಳು ಗೆರಿ, ಕೆಳಗ ಏಳು ಗೆರಿ.

ಮೊದಲ ಸೆಟ್ಟಿಂಗ್ ಮಾಡಬೇಕು. ಒಂದೂವರಿ ಕಿಲೋಮೀಟರ್ ಸೀದಾ ನಡೀಬೇಕು, ನಡು ಎಲ್ಲೂ ಹೊಳ್ಳಬಾರದು ಅಂತ ಪುಸ್ತಕದಾಗ ಕೊಟ್ಟಾರ. ಬ್ಯಾರೆ ಊರವ್ರು ಇದಕ್ಕ ಏನ್ ಮಾಡ್ತಾರೋ ಗೊತ್ತಿಲ್ಲ, ನಮಗಂತೂ ಚಿಂತಿಲ್ಲ, ನಮ್ಮ ಹುಬ್ಬಳ್ಳಿ ಸಿದ್ಧಾರೂಢ ಸ್ಟೇಷನ್ನಿನ ಪ್ಲಾಟ್‌ಫಾರ್ಮ್ 1,507 ಮೀಟರ್ ಐತಿ, 2023ರಾಗ ಜಗತ್ತಿನ್ಯಾಗ ಭಾಳ ಉದ್ದಂದು ಅಂತ ಉದ್ಘಾಟನೆ ಆತಲ್ಲ, ಅದನ್ನ ಈ ತುದಿಯಿಂದ ಆ ತುದಿಗೆ ನಡದ್ರ ಕೆಲಸ ಮುಗೀತು. ಟಿಸಿ ಬಂದ್ರ ಪ್ಲಾಟ್‌ಫಾರ್ಮ್ ಟಿಕೆಟ್ ತೋರಸ್ರಿ, ಭರಣಿ ತೋರಸಾಕ ಹೋಗಬ್ಯಾಡ್ರಿ.

ಇನ್ನ ದ್ವಾರ ಹಿಡಿಯೂದು. ಹಳೇ ನೀರಿದ್ದಲ್ಲಿ ಚಲೋ ಹಿಡೀತೈತಿ. ಉಣಕಲ್ ಕೆರಿ ದಂಡಿಗೂ ಸಿಗ್ತೈತಿ, ಆದ್ರ ಸಂಜಿಮುಂದ ವಾಕಿಂಗ್ ಮಂದಿ ಗದ್ದಲಕ್ಕ ಮುಳ್ಳು ನಿಲ್ಲೂದ ಇಲ್ಲ. ಗದಗ ಬಾಜೂಕಿನ ಲಕ್ಕುಂಡಿಗೆ ಹೋಗ್ರಿ. ನೂರೊಂದು ಗುಡಿ ನೂರೊಂದು ಬಾವಿ ಅಂತಾರಲ್ಲ ಸುಮ್ಮನ ಅಲ್ಲ ಅದು, ಮಾಣಿಕೇಶ್ವರ ಗುಡಿ ಬಾಜೂಕ ಮುಸುಕಿನ ಬಾವಿ ಐತಿ, ಅದರ ಮೆಟ್ಲ ಮ್ಯಾಲ ಭರಣಿ ಇಟ್ರ ಮುಳ್ಳು ಮೊದಲ ಗಡಗಡ ನಡಗ್ತೈತಿ, ಆಮ್ಯಾಲ ಟಕ್ ಅಂತ ಕೆಳಗ ಬಿದ್ದು ಗಟ್ಟಿ ನಿಂತಬಿಡ್ತೈತಿ, ಮುಚ್ಚಳದ ಒಳಮೈಗೆ ಸಣ್ಣ ಸಣ್ಣ ಹನಿ ಕಟ್ತಾವು. ಹನಿ ಕಟ್ಟಿದ್ವು ಅಂದ್ರ ದಾರಿ ತೆರೀತು. ನೀರಿಗೆ ಇಳಿಯೂದೇನ ಬ್ಯಾಡ, ಮೆಟ್ಲ ಮ್ಯಾಲ ಕುಂತ್ರ ಸಾಕು.

ಕೆಳಗಿನ ಏಳೂ ಲೋಕಕ್ಕ ಮ್ಯಾಪ್ ಅಂದ್ರ ಮ್ಯಾಪ್. ವಿಷ್ಣುಪುರಾಣದಾಗ ಒಂದೊಂದು ತಳಕ್ಕ ಒಂದೊಂದು ಥರದ ನೆಲ ಹೇಳೇತಿ, ಬಿಳಿ, ಕರಿ, ಕೆಂಪು, ಹಳದಿ, ಹರಳು, ಕಲ್ಲು, ಕಡೀಕ ಬಂಗಾರ, ಹಂಗ ಬಣ್ಣಾ ಹಚ್ಚಿ ತೋರಸ್ತೈತಿ. ಎರಡನೇದ್ರಾಗ ಕರಿ ನೆಲ ಬಂದಕೂಡ್ಲೆ ನಮ್ಮ ಕಾಕಾ ಒಂದು ಹಿಡಿ ಮಣ್ಣು ತಗೊಂಡು ಹಿಚುಕಿ ನೋಡಿ "ಏ ತಮ್ಮಾ, ಇಲ್ಲಿ ಹಿಂಗಾರಿ ಜ್ವಾಳ ಎದಿಮಟ ಬರ್ತೈತಲೇ" ಅಂದ, ಬಂಗಾರದ ನೆಲಕ್ಕ ಹೋದಾಗ ಒಂದ ಮಾತೂ ಆಡಲಿಲ್ಲ. ಅಲ್ಲಿ ಸೂರ್ಯನ ಬೆಳಕೈತಿ ಬಿಸಲಿಲ್ಲ, ಚಂದ್ರನ ಬೆಳಕೈತಿ ಥಂಡಿ ಇಲ್ಲ, ಗದಗದ ಏಪ್ರಿಲ್ ಬಿಸಲಾಗಿಂದ ಇಳದವ್ರಿಗೆ ಹೊಳ್ಳಿ ಬರಾಕ ಮನಸ ಆಗೂದಿಲ್ಲ. ಪಾತಾಳ ನೋಡಿ ಬಂದ ನಾರದ ಸ್ವರ್ಗದಾಗ ನಿಂತು ಸ್ವರ್ಗಕ್ಕಿಂತ ಅದ ಚಂದ ಅಂದಿದ್ನಂತ, ನನಗೂ ಅದ ಅನಸ್ತು. ಸುತಳದಾಗ ಮಾತ್ರ ಒಂದ್ ಮಾತು, ಅದು ಬಲಿ ಚಕ್ರವರ್ತಿದು, ಬಾಗಲಕ್ಕ ವಾಮನ ಕಾವಲಾ, ಅಲ್ಲಿ ಮುಳ್ಳು ಕೆಂಪಾಗಿ ನಿಂತಬಿಡ್ತೈತಿ, ಯಾಕ ಅಂತ ಪುಸ್ತಕದಾಗ ಒಂದಕ್ಷರ ಇಲ್ಲ. ಕೈ ಮುಗದು ಪರವಾನಗಿ ಕೇಳ್ರಿ, ತಾನ ಹಸರಾಗ್ತೈತಿ. ಮತ್ತ ಒಂದೊಂದು ತಳ ಹತ್ತತ್ತು ಸಾವಿರ ಯೋಜನ ಆಳ, ಯೋಜನಕ್ಕ ಐದು ಮೈಲೋ ಎಂಟು ಮೈಲೋ ಅಂತ ಮೊದಲ ಆರಿಸಿ ಇಡ್ರಿ, ಇಲ್ಲಾಂದ್ರ ಬ್ಯಾಟರಿ ಲೆಕ್ಕಾ ಪೂರಾ ತಪ್ತೈತಿ.

ಮ್ಯಾಲಿಂದ ಕೇಳಬ್ಯಾಡ್ರಿ. ಸ್ವರ್ಗದ ದಾರ್ಯಾಗ ತ್ರಿಶಂಕು ಇರೋ ಕಡೆ ಬಂದ್ರ ಮುಳ್ಳು ತಲಿಕೆಳಗ, ಅಂಕಿ ತಲಿಕೆಳಗ, ನಾವೂ ಭರಣಿ ಹಿಡಕೊಂಡು ಕುತ್ತಿಗಿ ಸೊಟ್ಟ ಮಾಡ್ಕೊಂಡು ಓದಬೇಕು, ನನ್ನದು ಅಲ್ಲೇ ಹಿಡಕೊಂಡು ಇನ್ನೂ ಸರಿ ಆಗಿಲ್ಲ. ಅದಕ್ಕಿಂತ ದೊಡ್ಡ ತ್ರಾಸು ಟೈಮಿಂದು. ನಮ್ಮದೊಂದು ವರ್ಷ ಅಂದ್ರ ದೇವತೆಗಳಿಗೆ ಒಂದು ದಿನ, ಅಲ್ಲಿ ಹತ್ತು ನಿಮಿಷ ಚಾ ಕುಡಕೋತ ನಿಂತ್ರ ಇಲ್ಲಿ ಎರಡೂವರಿ ದಿನ ಹೋಗಿರ್ತೈತಿ. ಕಕುದ್ಮಿ ರಾಜ ಮಗಳು ರೇವತಿಗೆ ವರ ಕೇಳಾಕ ಬ್ರಹ್ಮನ ಹತ್ರ ಹೋಗಿದ್ದ, ಅಲ್ಲಿ ಹಾಡು ನಡದಿತ್ತಂತ, ಮುಗೀಲಿ ಅಂತ ಒಂದ್ ಗಳಿಗಿ ಕಾದ, ಅಷ್ಟರಾಗ ಇಲ್ಲಿ 27 ಚತುರ್ಯುಗ ಹೋಗಿ ಅವ ನೋಡಿಟ್ಟಿದ್ದ ವರಗೋಳ ಗೋತ್ರಾ ಸುದ್ದಾ ಉಳದಿರಲಿಲ್ಲ, ಕಡೀಕ ಬಲರಾಮಗ ಕೊಟ್ಟ. ಇಷ್ಟು ಹಳೇ ಕಂಪ್ಲೇಂಟ್ ಇದ್ರೂ ಕಂಪನ್ಯಾವ್ರು ಒಂದು ಅಲಾರಂ ಇಟ್ಟಿಲ್ಲಲ್ರಿ!

ನಾ ಸ್ವರ್ಗದಾಗ ಒಂದು ವಸ್ತಿ ಮಾಡಿ ಬಂದು ರಿಪೇರಿಗೆ ಒಯ್ದ್ರ ಅಂಗಡಿಯಾಂವ ಬಿಲ್ ತಿರುವಿ ತಿರುವಿ ನೋಡಿ "ಸರ, ವಾರಂಟಿ ಒಂದ ವರ್ಷರಿ, ನೀವು ಮ್ಯಾಲಿದ್ದಾಗ ಮುಗದೈತ್ರಿ" ಅಂದ. ಹಲ್ಲು ಕಿಸಿಯಾಕತ್ತಿದ್ದ ಬ್ಯಾರೆ.

ಕೆಳಗಿನ ಏಳು ಲೋಕಕ್ಕ ನಾಲ್ಕು ಸ್ಟಾರ್, ಮ್ಯಾಲಿಂದಕ್ಕ ಒಂದೂ ಇಲ್ಲ, ಸರ್ವಿಸಿಗೆ ಕೇಳೂದ ಬ್ಯಾಡ. ತಗೊಳ್ಳೂದ ಇದ್ರ ರೊಕ್ಕ ಕೊಡೂಕಿಂತ ಮೊದಲ ಬಿಲ್ಲಿನ ಮ್ಯಾಲ "ವಾರಂಟಿ ದೇವಮಾನದ ಲೆಕ್ಕ" ಅಂತ ಬರಸ್ಕೊಂಡು ಶಿಕ್ಕಾ ಹಾಕಸ್ಕೋರಿ, ನಮ್ಮ ಲೆಕ್ಕದಾಗ 360 ವರ್ಷ ಆಗ್ತೈತಿ.