ಡಾ ನಾಂಗ್‌ನಲ್ಲಿ ಅರ್ಧ ದಿನದ ಟೂರ್ ಬುಕ್ ಮಾಡುವವರು ದಯವಿಟ್ಟು ಇದನ್ನು ಓದಿ

ವಿಯೆಟ್ನಾಂಗೆ ಹೋಗುವವರು, ಅದರಲ್ಲೂ ವಯಸ್ಸಾದ ಅಪ್ಪ ಅಮ್ಮನನ್ನು ಕರೆದುಕೊಂಡು ಹೋಗುವವರು, ಪೂರ್ತಿ ಓದಿ. ನಾವು ವಾಪಸ್ ಬಂದು ಒಂಬತ್ತು ದಿನ ಆಯಿತು. ಇನ್ನೂ ಹೊಟ್ಟೆ ಉರಿಯುತ್ತಿದೆ. ಬರೆಯೋಣವಾ ಬೇಡವಾ ಅಂತ ಮೂರು ಸಲ ಯೋಚಿಸಿದೆ, ಯಾಕೆಂದರೆ ಬರೆದರೆ ನಾನು ಎಷ್ಟು ಸುಲಭವಾಗಿ ಮೋಸ ಹೋದೆ ಅನ್ನುವುದೂ ಎಲ್ಲರಿಗೂ ಗೊತ್ತಾಗುತ್ತದೆ. ಗೊತ್ತಾಗಲಿ.

ಅಮ್ಮನಿಗೆ 68 ವರ್ಷ. ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಮಾಡಿ ರಿಟೈರ್ ಆದವರು. ವಿಯೆಟ್ನಾಂ ಅಂದಾಗ ನನಗೆ ಬೀಚ್ ನೆನಪಾದರೆ ಅವರಿಗೆ ನೆನಪಾಗಿದ್ದು ಅಲ್ಲಿ ಹಿಂದೆ ಚಾಮ್ ಜನ ಆಳುತ್ತಿದ್ದ ಚಂಪಾ ರಾಜ್ಯ. ನಾಲ್ಕನೇ ಶತಮಾನದಲ್ಲಿ ಭದ್ರವರ್ಮ ಎಂಬ ರಾಜ ಮೀ ಸೋನ್ ಎಂಬಲ್ಲಿ ಶಿವನಿಗೆ ಗುಡಿ ಕಟ್ಟಿಸಿ, ಭದ್ರೇಶ್ವರ ಅಂತ ತನ್ನ ಹೆಸರನ್ನೇ ಸೇರಿಸಿ ದೇವರನ್ನು ಕರೆದ. ಇದನ್ನೆಲ್ಲ ಅಮ್ಮ ವಿಮಾನದಲ್ಲೇ ನನಗೆ ಹೇಳಿದರು. ಮೀ ಸೋನ್‌ಗೆ ಹೋಗಿಬರಲು ತುಂಬಾ ಹೊತ್ತು ಬೇಕು, ಬಿಸಿಲಲ್ಲಿ ನಡೆಯಬೇಕು. ಅಮ್ಮನಿಗೆ ಮಂಡಿ ನೋವು. ಅದಕ್ಕೆ ಅವರೇ ಹೇಳಿದರು, "ಮೀ ಸೋನ್ ಬೇಡ ಕಣೆ, ಡಾ ನಾಂಗ್‌ನ ಚಾಮ್ ಮ್ಯೂಸಿಯಂ ತೋರಿಸಿದರೆ ಸಾಕು." 1969ರಲ್ಲಿ ಅಮೆರಿಕದ ಬಾಂಬಿಗೆ ಮೀ ಸೋನ್‌ನ ದೊಡ್ಡ ಗುಡಿಯೇ ಉರುಳಿತು. ಅದಕ್ಕೂ ಎಷ್ಟೋ ವರ್ಷ ಮೊದಲೇ ಅಲ್ಲಿಯ ಒಳ್ಳೊಳ್ಳೆ ಶಿಲ್ಪಗಳನ್ನು ಈ ಮ್ಯೂಸಿಯಂಗೆ ತಂದಿಟ್ಟಿದ್ದರು. ನಿಂತಿರುವ ಗಣಪತಿ ಇದೆ, ಕುಣಿಯುವ ಶಿವ ಇದ್ದಾನೆ, ತ್ರಾ ಕಿಯೆವ್‌ನಿಂದ ತಂದ ದೊಡ್ಡ ಶಿವಲಿಂಗದ ಪೀಠ ಇದೆ. ಅಮ್ಮ ನೋಡಬೇಕು ಅಂದಿದ್ದು ಇದೊಂದನ್ನೇ. ಇಡೀ ಪ್ರವಾಸದಲ್ಲಿ ಇದೊಂದನ್ನೇ.

ಬುಕ್ ಮಾಡಿದ್ದು ಬೆಂಗಳೂರಿನ ಒಬ್ಬ ಏಜೆಂಟ್ ಹತ್ತಿರ, ವಾಟ್ಸಾಪ್‌ನಲ್ಲಿ. ಪರಿಚಯದವರ ಗ್ರೂಪ್‌ನಲ್ಲಿ ಸಿಕ್ಕ ನಂಬರ್. ಕನ್ನಡದವರೇ, ಮಾತು ಚೆನ್ನಾಗಿತ್ತು. "ಮೇಡಂ, ನಮ್ಮ ಕನ್ನಡದವರಿಗೆ ಅಂತ ಸ್ಪೆಷಲ್ ರೇಟ್, ಅಮ್ಮಾವ್ರನ್ನ ನಮ್ಮ ತಾಯಿ ಥರ ನೋಡ್ಕೋತೀವಿ" ಅಂದರು. ಮಧ್ಯಾಹ್ನ ಒಂದರಿಂದ ಸಂಜೆ ಐದೂವರೆ. ಲಿನ್ ಉಂಗ್ ಪಗೋಡ, ಮಾರ್ಬಲ್ ಮೌಂಟನ್ಸ್, ಕಲ್ಲು ಕೆತ್ತುವ ಊರು, ಚಾಮ್ ಮ್ಯೂಸಿಯಂ. ಕಾರು, ಇಂಗ್ಲಿಷ್ ಗೈಡ್, ಎಲ್ಲ ಟಿಕೆಟ್, ಬೆಟ್ಟ ಹತ್ತುವ ಲಿಫ್ಟ್, ನೀರಿನ ಬಾಟಲಿ ಸೇರಿ ಇಬ್ಬರಿಗೆ 4,800 ರೂಪಾಯಿ. ಪೂರ್ತಿ ಹಣ ಮುಂಗಡ. ಯುಪಿಐನಲ್ಲಿ ಕಳಿಸಿದೆ. ಬಿಲ್ ಕೇಳಲಿಲ್ಲ. ಕನ್ನಡದವರು ಅಲ್ವಾ ಅಂತ ಸುಮ್ಮನಾದೆ. ಇಲ್ಲಿಂದ ಮುಂದೆ ಅವರು ಇವರು ಅಂತ ಮರ್ಯಾದೆ ಕೊಟ್ಟು ಬರೆಯಲು ನನಗೆ ಮನಸ್ಸಿಲ್ಲ.

ಒಂದಕ್ಕೆ ಬರಬೇಕಿದ್ದ ಕಾರು ಒಂದೂ ನಲವತ್ತಕ್ಕೆ ಬಂತು. ಗೈಡ್ ಇಪ್ಪತ್ತೈದರ ಹುಡುಗ. ವಿಯೆಟ್ನಾಂನಲ್ಲಿ ಗೈಡ್ ಕೆಲಸ ಮಾಡುವವರ ಹತ್ತಿರ ಕಾರ್ಡ್ ಇರಲೇಬೇಕು, ಕಾನೂನೇ ಇದೆ. ಕೊರಳಲ್ಲಿ ಇರಲಿಲ್ಲ. ಕೇಳಿದೆ. ಆಫೀಸಿನಲ್ಲಿದೆ ಅಂದ. ಆಗಲೇ ಇಳಿದುಬಿಡಬೇಕಿತ್ತು.

ಮೊದಲು ಸೋನ್ ತ್ರಾ ಗುಡ್ಡದ ಲಿನ್ ಉಂಗ್ ಪಗೋಡ. ಸಮುದ್ರದ ಕಡೆ ಮುಖ ಮಾಡಿ ನಿಂತ 67 ಮೀಟರ್ ಎತ್ತರದ ಬಿಳಿ "ಲೇಡಿ ಬುದ್ಧ", ಅಂದರೆ ಬೋಧಿಸತ್ವ ಕ್ವಾನ್ ಆಮ್. ನಿಜವಾಗಿಯೂ ಚೆನ್ನಾಗಿದೆ. ಅಲ್ಲಿಗೆ ಟಿಕೆಟ್ಟೇ ಇಲ್ಲ, ಫ್ರೀ. ಗೈಡ್ ಕಾರಿನ ಹತ್ತಿರವೇ ನಿಂತು ಇಪ್ಪತ್ತೈದು ನಿಮಿಷ ಟೈಮ್ ಕೊಟ್ಟ. ಒಂದು ಮಾತು ವಿವರಿಸಲಿಲ್ಲ.

ಆಮೇಲೆ ಕಾರು ಒಂದು ಅಗರು ಅಂಗಡಿಯ ಮುಂದೆ ನಿಂತಿತು. ಇದು ಪಟ್ಟಿಯಲ್ಲಿ ಇರಲಿಲ್ಲ. "ಐದು ನಿಮಿಷ, ಟಾಯ್ಲೆಟ್‌ಗೆ" ಅಂದ. ಟಾಯ್ಲೆಟ್ ಇದ್ದದ್ದು ಅಂಗಡಿಯ ಕೊನೆಯಲ್ಲಿ. ದಾರಿಯುದ್ದಕ್ಕೂ ಹುಡುಗಿಯರು ಮಣಿಸರ, ಎಣ್ಣೆ, ಅಗರಬತ್ತಿ ಹಿಡಿದು ನಿಂತಿದ್ದರು. ಮೂವತ್ತೈದು ನಿಮಿಷ ಹೋಯಿತು. ನಾನು ಅಲ್ಲೇ ಗೈಡ್‌ನನ್ನು ಕೇಳಿದೆ, ಮ್ಯೂಸಿಯಂ ಎಷ್ಟು ಗಂಟೆಗೆ ಮುಚ್ಚುತ್ತದೆ ಅಂತ. ಆರು ಗಂಟೆ, ನೋ ಪ್ರಾಬ್ಲಂ ಅಂದ.

ಐದಕ್ಕೆ ಮುಚ್ಚುತ್ತದೆ ಅಂತ ನಾನು ಊರಲ್ಲೇ ನೋಡಿದ್ದೆ. ಗೊತ್ತಿತ್ತು ನನಗೆ. ಆದರೂ ಆ ಊರಿನವನು ಹೇಳುತ್ತಿದ್ದಾನಲ್ಲ, ಟೈಮ್ ಬದಲಾಗಿರಬಹುದು ಅಂತ ನಂಬಿದೆ. ಇದನ್ನು ನೆನೆಸಿಕೊಂಡಾಗಲೆಲ್ಲ ನನ್ನ ಮೇಲೇ ಸಿಟ್ಟು ಬರುತ್ತದೆ.

ಮುಂದೆ ಕಲ್ಲು ಕೆತ್ತುವ ಊರು, ನೊನ್ ನುವಕ್. ತಲೆಮಾರುಗಳಿಂದ ಕಲ್ಲು ಕೆತ್ತುತ್ತಾ ಬಂದ ಊರು. ಕೆಲಸಗಾರರನ್ನು ನೋಡಬಹುದು ಅಂದುಕೊಂಡಿದ್ದೆವು. ಕರೆದುಕೊಂಡು ಹೋಗಿದ್ದು ಎಸಿ ಹಾಕಿದ ಒಂದು ದೊಡ್ಡ ಶೋರೂಮಿಗೆ. ಉಳಿ ಹಿಡಿದವರು ಒಬ್ಬರೂ ಇಲ್ಲ. ಅಲ್ಲಿ ಐವತ್ತು ನಿಮಿಷ. ಸೇಲ್ಸ್‌ಮನ್ ಒಂದು ಚಿಕ್ಕ ಗಣಪತಿ ತೋರಿಸಿ, ಇದು ಇದೇ ಬೆಟ್ಟದ ಕಲ್ಲು, ಕೈಯಲ್ಲಿ ಕೆತ್ತಿದ್ದು ಅಂದ. 28 ಲಕ್ಷ ಡಾಂಗ್ ಹೇಳಿದ. ಚೌಕಾಸಿ ಮಾಡಿ 18 ಲಕ್ಷಕ್ಕೆ ತಗೊಂಡೆ. ನಮ್ಮ ದುಡ್ಡಲ್ಲಿ ಸುಮಾರು 6,000. ಹೋಟೆಲಿಗೆ ಬಂದು ತಿರುಗಿಸಿ ನೋಡಿದರೆ ತಳದಲ್ಲಿ ಅಚ್ಚಿನ ಗೆರೆ. ಕಲ್ಲಿನ ಪುಡಿ ಕಲಸಿ ಅಚ್ಚಿನಲ್ಲಿ ಹುಯ್ದದ್ದು. ರಾತ್ರಿ ಹಾನ್ ಮಾರ್ಕೆಟ್ ಪಕ್ಕದ ಅಂಗಡಿಯೊಂದರಲ್ಲಿ ಅದೇ ಗಣಪತಿ, ಅದೇ ಸೈಜು, ಚೌಕಾಸಿ ಮಾಡುವ ಮೊದಲೇ 6 ಲಕ್ಷ ಹೇಳಿದರು. ಇನ್ನೊಂದು ವಿಷಯ ಆಮೇಲೆ ಗೊತ್ತಾಯಿತು. ಆ ಬೆಟ್ಟಗಳಲ್ಲಿ ಕಲ್ಲು ತೆಗೆಯುವುದನ್ನು ಸರ್ಕಾರ ನಿಲ್ಲಿಸಿ ಎಷ್ಟೋ ಕಾಲ ಆಗಿದೆ. ಕಲ್ಲು ಬರುವುದೇ ಹೊರಗಿನಿಂದ. "ಇದೇ ಬೆಟ್ಟದ ಕಲ್ಲು" ಅಂತ ಯಾರು ಹೇಳಿದರೂ ನಂಬಬೇಡಿ.

ಮಾರ್ಬಲ್ ಮೌಂಟನ್ಸ್ ಮುಟ್ಟಿದಾಗ ಆಗಲೇ ನಾಲ್ಕು ಗಂಟೆ. ಪಂಚಭೂತಗಳ ಹೆಸರಿಟ್ಟ ಐದು ಗುಡ್ಡಗಳು. ನಮ್ಮ ಪಂಚಭೂತ ಅಲ್ಲ, ಅವರದ್ದು, ಲೋಹ ಮತ್ತು ಮರ ಸೇರಿದ್ದು. ಎಲ್ಲರೂ ಹತ್ತುವುದು ನೀರಿನ ಗುಡ್ಡ ಥುಯ್ ಸೋನ್. ಗೈಡ್ ಕೈಯಲ್ಲಿ ಎರಡು ಟಿಕೆಟ್ ಕೊಟ್ಟ. ಲಿಫ್ಟ್ ಅಂದರೆ, "ಲಿಫ್ಟ್ ನನ್ನ ಪ್ರೋಗ್ರಾಂನಲ್ಲಿ ಇಲ್ಲ." ಏಜೆಂಟ್‌ನ ಮೆಸೇಜ್ ತೋರಿಸಿದೆ. ಭುಜ ಕುಣಿಸಿದ. ಒಬ್ಬರಿಗೆ ಒಂದು ಸಲಕ್ಕೆ 15,000 ಡಾಂಗ್, ಅಂದರೆ 50 ರೂಪಾಯಿ. ಕೊಟ್ಟೆ. ಗೈಡ್ ಮೇಲಕ್ಕೂ ಬರಲಿಲ್ಲ.

ಲಿಫ್ಟ್ ಇಳಿದ ಮೇಲೂ ಮೆಟ್ಟಿಲುಗಳಿವೆ. ಅಮ್ಮ ನನ್ನ ಕೈ ಹಿಡಿದು ಒಂದೊಂದೇ ಹತ್ತಿದರು. ಹುಯೆನ್ ಖೊಂಗ್ ಗುಹೆಗೆ ಇಳಿದಾಗ, ಮೇಲಿನ ತೂತುಗಳಿಂದ ಬೆಳಕು ಬುದ್ಧನ ಮುಂದೆ ಬಿದ್ದಿತ್ತು. ಅಮ್ಮ ಕೈ ಮುಗಿದು ನಿಂತರು. ಇಡೀ ದಿನದಲ್ಲಿ ದಕ್ಕಿದ್ದು ಆ ಹತ್ತು ನಿಮಿಷ. ಅಷ್ಟರಲ್ಲಿ ಗೈಡ್‌ನ ಫೋನ್, ಬೇಗ ಬನ್ನಿ ಬೇಗ ಬನ್ನಿ ಅಂತ.

ಮ್ಯೂಸಿಯಂ ಮುಂದೆ ಕಾರು ನಿಂತಾಗ ಐದಕ್ಕೆ ಆರೇಳು ನಿಮಿಷ ಇತ್ತು. ಡ್ರ್ಯಾಗನ್ ಆಕಾರದ ಬ್ರಿಡ್ಜ್‌ನ ಬಾಲದ ಕಡೆ, ರಸ್ತೆ ದಾಟಿದರೆ ಹಳದಿ ಬಣ್ಣದ ಕಟ್ಟಡ. ಫ್ರೆಂಚರ ಕಾಲದ್ದು, 1919ರಲ್ಲಿ ತೆರೆದದ್ದು. ಅಮ್ಮ ಕಾರಿನಲ್ಲೇ ಕನ್ನಡಕ ಒರೆಸಿಕೊಂಡು ಸಿದ್ಧವಾಗಿದ್ದರು. ಟಿಕೆಟ್ ಕೌಂಟರ್ ಮುಚ್ಚಿತ್ತು. ಒಳಗಿದ್ದ ಜನ ಹೊರಗೆ ಬರುತ್ತಿದ್ದರು. ಕಾವಲುಗಾರ ಕೈ ಅಡ್ಡ ಆಡಿಸಿದ. ಗೈಡ್ ನಮ್ಮ ಕಡೆ ತಿರುಗಿ, "ಓ, ಕ್ಲೋಸ್ಡ್. ಸೋ ಸಾರಿ" ಅಂದ. ಅವನ ಮುಖದಲ್ಲಿ ಒಂಚೂರೂ ಆಶ್ಚರ್ಯ ಇರಲಿಲ್ಲ. ಅದನ್ನು ನೋಡಿದಾಗಲೇ ನನಗೆ ಅರ್ಥವಾಗಿದ್ದು. ಇವನು ನಮ್ಮನ್ನು ಒಳಗೆ ಕರೆದುಕೊಂಡು ಹೋಗುವ ಲೆಕ್ಕದಲ್ಲೇ ಇರಲಿಲ್ಲ. ಮ್ಯೂಸಿಯಂ ಟಿಕೆಟ್ ಒಬ್ಬರಿಗೆ 60,000 ಡಾಂಗ್. ಆ ದುಡ್ಡು ಉಳಿಯಿತು, ಅಂಗಡಿಗಳಿಂದ ಕಮಿಷನ್ ಬಂತು.

ಅಮ್ಮ ಗೇಟಿನ ಸರಳು ಹಿಡಿದು ಒಳಗೆ ನೋಡುತ್ತಾ ನಿಂತರು. ನಾನು ಗೈಡ್ ಜೊತೆ ಜಗಳಕ್ಕೆ ನಿಂತೆ. ಬೆಳಗ್ಗೆ ನಮ್ಮ ವಿಮಾನ, ಮತ್ತೆ ಬರಲು ಆಗುವುದಿಲ್ಲ ಅಂದೆ. ಅವನು ನಗುತ್ತಾ, "ಮೇಡಂ, ಫೋಟೋ? ಮದರ್, ಫೋಟೋ?" ಅಂತ ನನ್ನ ಫೋನ್ ಕೇಳಿದ. ನಾನು ಬೇಡ ಅಂದೆ. ಅವನ ಫೋನಿನಲ್ಲೇ ತೆಗೆದ, ಹಿಂದೆ ಮ್ಯೂಸಿಯಂ ಹೆಸರು ಕಾಣುವ ಹಾಗೆ. ಅಮ್ಮ ಪಾಪ, ಅಭ್ಯಾಸದಂತೆ ನಕ್ಕುಬಿಟ್ಟರು. ಆ ಫೋಟೋ ಯಾಕೆ ಅಂತ ಆಗ ಹೊಳೆಯಲಿಲ್ಲ.

ರಾತ್ರಿ ಏಜೆಂಟ್‌ಗೆ ಎಲ್ಲ ಬರೆದೆ. ಬ್ಲೂ ಟಿಕ್ ಬಂತು. "ಅಯ್ಯೋ ಹೌದಾ ಮೇಡಂ, ಚೆಕ್ ಮಾಡ್ತೀನಿ." ನಾಲ್ಕು ಗಂಟೆ ಸದ್ದಿಲ್ಲ. ಆಮೇಲೆ ವಾಯ್ಸ್ ಮೆಸೇಜ್: "ಟ್ರಾಫಿಕ್ ಇತ್ತಂತೆ ಮೇಡಂ." ಟ್ರಾಫಿಕ್ ಇರಲಿಲ್ಲ, ಅಂಗಡಿಯಲ್ಲಿ ಎಂಬತ್ತೈದು ನಿಮಿಷ ಇದ್ದೆವು ಅಂದೆ. "ಶಾಪಿಂಗ್ ನೀವೇ ಮಾಡಿದ್ದೀರಲ್ಲ ಮೇಡಂ, ಗಣಪತಿ ತಗೊಂಡಿದ್ದೀರಂತೆ." ಅದೂ ಅವನಿಗೆ ಗೊತ್ತು! ಲಿಫ್ಟ್ ಬಗ್ಗೆ ಕೇಳಿದೆ. "ನಾನು ಬುಕ್ ಮಾಡಿ ಕೊಡೋದು ಅಷ್ಟೇ, ಅಲ್ಲಿಯವರು ಏನು ಮಾಡ್ತಾರೋ ನನಗೆ ಹೇಗೆ ಗೊತ್ತಾಗುತ್ತೆ?" ತಾಯಿ ಥರ ನೋಡ್ಕೋತೀವಿ ಅಂದವನು ಇವನೇ.

ಆಮೇಲೆ ಬಂದ ಮಾತನ್ನು ನಾನು ಮರೆಯುವುದಿಲ್ಲ. "ಅಮ್ಮಾವ್ರು ತುಂಬಾ ನಿಧಾನ ನಡೆದ್ರಂತೆ. ಗುಹೆಯಲ್ಲೇ ಲೇಟ್ ಆಯ್ತಂತೆ. ವಯಸ್ಸಾದವರನ್ನ ಕರ್ಕೊಂಡು ಹೋದಾಗ ಹೀಗೇ ಆಗುತ್ತೆ, ಏನ್ಮಾಡಕ್ಕಾಗಲ್ಲ." ಸ್ಪೀಕರ್‌ನಲ್ಲಿ ಕೇಳಿಸಿಕೊಳ್ಳುತ್ತಿದ್ದೆ. ಅಮ್ಮ ಪಕ್ಕದ ಮಂಚದಲ್ಲೇ ಇದ್ದರು. "ನಾನು ಸ್ವಲ್ಪ ಬೇಗ ಹತ್ತಬೇಕಿತ್ತು ಅನ್ಸುತ್ತೆ" ಅಂದರು. ದುಡ್ಡು ಹೋಗಿದ್ದಕ್ಕಿಂತ ಇದು ಜಾಸ್ತಿ ನೋಯಿಸಿತು. ಮೂವತ್ತೈದು ನಿಮಿಷ ಬೆಟ್ಟದಲ್ಲಿ ಇದ್ದೆವು. ಬರೀ ಮೂವತ್ತೈದು.

ಅರ್ಧ ಹಣವಾದರೂ ವಾಪಸ್ ಕೊಡಿ ಅಂದೆ. ಆಗ ಆ ಫೋಟೋ ಕಳಿಸಿದ. "ಮ್ಯೂಸಿಯಂ ವಿಸಿಟ್ ಆಗಿದೆಯಲ್ಲ ಮೇಡಂ, ಅಮ್ಮಾವ್ರು ಖುಷಿಯಾಗಿ ನಗ್ತಾ ಇದ್ದಾರೆ." ಮುಂದಿನ ಟ್ರಿಪ್‌ಗೆ 500 ರೂಪಾಯಿ ಡಿಸ್ಕೌಂಟ್ ಕೊಡುತ್ತಾನಂತೆ.

ಲೆಕ್ಕ ಕೇಳಿ. ಚಾಮ್ ಮ್ಯೂಸಿಯಂ 60,000, ಬೆಟ್ಟ 40,000, ಲಿಫ್ಟ್ ಎರಡೂ ಕಡೆ ಸೇರಿ 30,000. ಒಬ್ಬರಿಗೆ 1,30,000 ಡಾಂಗ್, ನಮ್ಮ 430 ರೂಪಾಯಿ ಚಿಲ್ಲರೆ. ಡಾ ನಾಂಗ್‌ನಲ್ಲಿ ಗ್ರ್ಯಾಬ್ ಕಾರು (ನಮ್ಮ ಓಲಾ, ಊಬರ್ ಥರದ್ದು) ಕೂತ ಜಾಗಕ್ಕೆ ಬರುತ್ತದೆ, ದರ ಮೊದಲೇ ಫೋನಿನಲ್ಲಿ ಕಾಣಿಸುತ್ತದೆ. ನೀವೇ ಹೋಗಿ. ಬೆಳಗ್ಗೆ ಎದ್ದು ಮೊದಲು ಮ್ಯೂಸಿಯಂಗೇ ಹೋಗಿ, ಉಳಿದದ್ದೆಲ್ಲ ಆಮೇಲೆ. ಗೈಡ್ ಬೇಕೇ ಬೇಕು ಅಂದರೆ ಕಾರ್ಡ್ ನೋಡದೆ ಕಾರು ಹತ್ತಬೇಡಿ. ಯಾವ ಜಾಗ ಎಷ್ಟು ಗಂಟೆಗೆ ಅಂತ ಬರೆಸಿಕೊಳ್ಳಿ, ಅಂಗಡಿಗೆ ನಿಲ್ಲಿಸುವಂತಿಲ್ಲ ಅಂತಲೂ ಬರೆಸಿಕೊಳ್ಳಿ. ಪೂರ್ತಿ ಹಣ ಮುಂಗಡ ಕೊಡಬೇಡಿ, ಕನ್ನಡದವರಾದರೂ ಅಷ್ಟೇ. ಒಳಗೆ ಹೋಗದ ಜಾಗದ ಮುಂದೆ ಅವರ ಫೋನಿನಲ್ಲಿ ಫೋಟೋ ತೆಗೆಸಿಕೊಳ್ಳಬೇಡಿ.

ನಾನು ಆ ಗ್ರೂಪ್‌ನಲ್ಲಿ ಇದನ್ನೇ ಬರೆದೆ. ಹತ್ತು ನಿಮಿಷದಲ್ಲಿ ನನ್ನನ್ನು ಗ್ರೂಪ್‌ನಿಂದ ತೆಗೆದರು. ಮೊನ್ನೆ ನನ್ನ ಗೆಳತಿ ಸ್ಕ್ರೀನ್‌ಶಾಟ್ ಕಳಿಸಿದಳು. ಏಜೆಂಟ್‌ನ ಸ್ಟೇಟಸ್. ಗೇಟಿನ ಮುಂದೆ ಅಮ್ಮ ನಗುತ್ತಿರುವ ಅದೇ ಫೋಟೋ, ಕೆಳಗೆ "ಹ್ಯಾಪಿ ಕಸ್ಟಮರ್ಸ್ ಅಟ್ ಚಾಮ್ ಮ್ಯೂಸಿಯಂ" ಅಂತ. ತೆಗೆಯಿರಿ ಅಂತ ನಾಲ್ಕು ಸಲ ಮೆಸೇಜ್ ಮಾಡಿದ್ದೇನೆ. ಬ್ಲೂ ಟಿಕ್ ಬಂದಿದೆ, ಉತ್ತರ ಬಂದಿಲ್ಲ. ಅಮ್ಮನಿಗೆ ಇದನ್ನು ಇನ್ನೂ ಹೇಳಿಲ್ಲ.