ಫ್ಯಾಮಿಲಿ ಟ್ರಸ್ಟ್ ಮುಗಿಯುವ ಮುಂಚೆಯೇ ಅದರ ಪತ್ರ ತೆಗೆದು ಓದಿ

ಸಕಲೇಶಪುರದ ಕಡೆ ಇರುವ ನಮ್ಮ ಕಾಫಿ ತೋಟವನ್ನು ಅಜ್ಜ ಒಂದು ಫ್ಯಾಮಿಲಿ ಟ್ರಸ್ಟಿಗೆ ಬರೆದಿಟ್ಟಿದ್ದರು. ಅದನ್ನು ನಮ್ಮ ಪರವಾಗಿ ನೋಡಿಕೊಳ್ಳುವ ಟ್ರಸ್ಟಿಗಳು ಮೂವರು: ಅಪ್ಪ, ಚಿಕ್ಕಪ್ಪ, ಅಜ್ಜನ ಸ್ನೇಹಿತರೊಬ್ಬರು. ಕೊನೆಯ ಮೊಮ್ಮಗಳಿಗೆ 25 ತುಂಬಿದ ದಿನ ಟ್ರಸ್ಟ್ ಮುಗಿಯಬೇಕು, ಮೊಮ್ಮಕ್ಕಳಿಗೆಲ್ಲ ಸಮಪಾಲು ಅಂತ ಪತ್ರದಲ್ಲಿದೆ. ಆದರೆ ಅಳತೆ ಮಾಡಿ ಪಾಲು ಬಿಟ್ಟುಕೊಡುವವರು ಯಾರು, ಟ್ರಸ್ಟಿ ತೀರಿಕೊಂಡರೆ ಆ ಜಾಗಕ್ಕೆ ಯಾರು ಅನ್ನೋದು ಇಲ್ಲ. ಆ ಎರಡು ಸಾಲು ಇಲ್ಲದ್ದಕ್ಕೆ ಆರು ವರ್ಷದಿಂದ ಹಾಸನದ ಕೋರ್ಟಿಗೆ ಅಲೆಯುತ್ತಿದ್ದೇವೆ.

ತಂಗಿಗೆ 25 ತುಂಬುವಷ್ಟರಲ್ಲಿ ಅಪ್ಪ ಇರಲಿಲ್ಲ. ಅಜ್ಜನ ಸ್ನೇಹಿತರು ಅದಕ್ಕೂ ಮೊದಲೇ ಹೋಗಿದ್ದರು. ಅವರು ಹೋದಾಗಲೇ ಅಪ್ಪ, ಚಿಕ್ಕಪ್ಪ ಕೂತು ಬರವಣಿಗೆಯಲ್ಲಿ ಹೊಸ ಟ್ರಸ್ಟಿಯನ್ನು ನೇಮಿಸಬಹುದಿತ್ತು. 1882ರ ಭಾರತೀಯ ಟ್ರಸ್ಟ್ ಕಾಯ್ದೆಯ 73ನೇ ಕಲಂ ಉಳಿದಿರುವ ಟ್ರಸ್ಟಿಗಳಿಗೆ ಆ ಅಧಿಕಾರ ಕೊಡುತ್ತದೆ. ಕೋರ್ಟಿನ ಮೆಟ್ಟಿಲು ಹತ್ತಬೇಕಾಗೇ ಇರಲಿಲ್ಲ. ನಮ್ಮಲ್ಲಿ ಯಾರಿಗೂ ಇದು ಗೊತ್ತಿರಲಿಲ್ಲ.

ಇಬ್ಬರ ಸಹಿ ಇಲ್ಲದೆ ಆಗೋದಿಲ್ಲ ಅಂತ ಬ್ಯಾಂಕಿನವರು ಟ್ರಸ್ಟಿನ ಖಾತೆ ನಿಲ್ಲಿಸಿದರು. ಕಾಫಿ ಮಾರಿದ ದುಡ್ಡು ಚಿಕ್ಕಪ್ಪನ ಸ್ವಂತ ಖಾತೆಗೆ ಹೋಗತೊಡಗಿತು. ಲೆಕ್ಕ ಕೇಳಿದೆ. "ಟ್ರಸ್ಟೇ ಮುಗಿದ್ಮೇಲೆ ಲೆಕ್ಕ ಎಂಥದ್ದು ಮಗಾ?" ಅಂದರು. ದೊಡ್ಡವರ ಹತ್ತಿರ ಏನು ವಾದ ಅಂತ ಎರಡು ಕೊಯ್ಲು ಸುಮ್ಮನಿದ್ದೆ. ನೀವು ಹಾಗೆ ಇರಬೇಡಿ. ಅವಧಿ ಮುಗಿದರೂ, ಆಸ್ತಿ ಹಕ್ಕುದಾರರ ಕೈ ಸೇರುವವರೆಗೆ ಟ್ರಸ್ಟಿಯ ಹೊಣೆ ತಪ್ಪುವುದಿಲ್ಲ. 19ನೇ ಕಲಂ ಪ್ರಕಾರ ಅವರು ಲೆಕ್ಕ ಇಡಬೇಕು, ಕೇಳಿದಾಗ ಕೊಡಬೇಕು. ಪತ್ರ, ಲೆಕ್ಕದ ಪುಸ್ತಕ ನೋಡಿ ನಕಲು ತೆಗೆದುಕೊಳ್ಳುವ ಹಕ್ಕು 57ನೇ ಕಲಂನಲ್ಲಿದೆ. ಮೊದಲ ವರ್ಷವೇ ಬರವಣಿಗೆಯಲ್ಲಿ ಕೇಳಬೇಕಿತ್ತು.

ಆಮೇಲೆ ಒಂದು ವರ್ಷ ಸುಮ್ನೆ ಹಾಳಾಯಿತು. ಜಗಳ ಬಂದರೆ ಮಧ್ಯಸ್ಥಗಾರರ ಮುಂದೆ ಹೋಗಬೇಕು ಅಂತ ಪತ್ರದಲ್ಲಿತ್ತು. ನಮ್ಮ ಮೊದಲ ವಕೀಲರು ಅದನ್ನೇ ಹಿಡಿದು ನೋಟಿಸ್ ಕಳಿಸುತ್ತಾ ಕೂತರು. ಆದರೆ ಟ್ರಸ್ಟ್ ಪತ್ರದ ಇಂಥ ಜಗಳ ಮಧ್ಯಸ್ಥಿಕೆಗೆ ಬರುವುದಿಲ್ಲ ಅಂತ ಸುಪ್ರೀಂ ಕೋರ್ಟ್ 2016ರಲ್ಲೇ ಹೇಳಿಬಿಟ್ಟಿದೆ. ಅದು ನಮಗೆ ತಿಳಿದದ್ದು ಎದುರು ವಕೀಲರ ಉತ್ತರದಿಂದ!

ಮುಂದೆ 74ನೇ ಕಲಂ ಕೆಳಗೆ, ಹೊಸ ಟ್ರಸ್ಟಿಗಳನ್ನು ನೇಮಿಸಿ ಅಂತ ಜಿಲ್ಲಾ ನ್ಯಾಯಾಲಯಕ್ಕೆ ಅರ್ಜಿ ಹಾಕಿದೆವು. ದಾವೆ ಇಲ್ಲದೆ ಬರೀ ಅರ್ಜಿಯಲ್ಲಿ ಮುಗಿಯುವ ದಾರಿ ಅದು, ಟ್ರಸ್ಟ್ ಇನ್ನೂ ನಡೆಯುತ್ತಿದ್ದರೆ ಒಳ್ಳೆಯದೇ. ಆದರೆ ಚಿಕ್ಕಪ್ಪನ ಕಡೆಯವರು "ಟ್ರಸ್ಟೇ ಇಲ್ಲ, ಟ್ರಸ್ಟಿ ಯಾತಕ್ಕೆ?" ಅಂದರು. ಪಾಲಿನ ಅಳತೆಯಲ್ಲೂ ತಕರಾರು ಎತ್ತಿದರು. ಮೂರು ವರ್ಷದ ಮೇಲೆ, ಇದೆಲ್ಲ ಸಾಕ್ಷಿ ಕೇಳಿ ತೀರ್ಮಾನ ಆಗಬೇಕು, ಬೇರೆ ದಾವೆ ಹೂಡಿ ಅಂತ ಆದೇಶ ಬಂತು. ನಮಗೆ ಬೇಕಿದ್ದದ್ದು ಹೊಸ ಟ್ರಸ್ಟಿ ಅಲ್ಲ, ನಮ್ಮ ಪಾಲು ಮತ್ತು ಲೆಕ್ಕ. ಅದನ್ನು ಮೊದಲ ದಿನವೇ ವಕೀಲರಿಗೆ ಬಿಡಿಸಿ ಹೇಳಿದ್ದರೆ ಆ ಮೂರು ವರ್ಷ ಉಳಿಯುತ್ತಿತ್ತು.

ಅಷ್ಟರಲ್ಲಿ ತೋಟದ ಗತಿ ನೋಡಿ. ನೆರಳಿಗಿದ್ದ ಸಿಲ್ವರ್ ಓಕ್ ಕಡಿದು ಮಾರಿಬಿಟ್ಟರು. ಬಿಸಿಲು ಬಿದ್ದ ಅರೇಬಿಕಾ ಕಾಫಿ ಗಿಡಕ್ಕೆ ಬಿಳಿ ಕಾಂಡಕೊರಕ ಹುಳ ಬೇಗ ಹತ್ತುತ್ತದೆ. ಹುಳ ಹೊಕ್ಕ ಗಿಡ ಕಿತ್ತು ಸುಡಬೇಕು, ಕೂಲಿ ಕೊಡುವವರಿಲ್ಲ. ಅಜ್ಜ ಕೈಯಾರೆ ನೆಟ್ಟ ಪಟ್ಟೆಯೊಂದು ಪೂರ್ತಿ ಒಣಗಿದೆ. ಅದನ್ನು ನೋಡಲಾಗದೆ ಅಮ್ಮ ಈಗ ತೋಟಕ್ಕೇ ಬರುವುದಿಲ್ಲ.

ಈಗ ವಿಭಾಗ ಮತ್ತು ಲೆಕ್ಕಕ್ಕಾಗಿ ದಾವೆ ಹೂಡಿದ್ದೇವೆ. ಪಾಲಾಗುವವರೆಗೆ ತೋಟ ನೋಡಿಕೊಳ್ಳಲು ಕೋರ್ಟೇ ಒಬ್ಬ ರಿಸೀವರ್ ನೇಮಿಸಲಿ, ಮರ ಕಡಿಯದಂತೆ ತಡೆಯಾಜ್ಞೆ ಕೊಡಲಿ ಅಂತ ಜೊತೆಗೇ ಅರ್ಜಿ ಕೊಟ್ಟಿದ್ದೇವೆ. ಇವೆರಡನ್ನೂ ನೀವು ತಡಮಾಡದೆ ಕೇಳಿ. ನಾವು ಕೇಳಿದ್ದು ಮರ ಹೋದ ಮೇಲೆ.

ಮುಂದಿನ ವಾಯಿದೆ ಜನವರಿಗೆ ಹಾಕಿದ್ದಾರೆ. ಅಷ್ಟರಲ್ಲಿ ಅರೇಬಿಕಾ ಕೊಯ್ಲು ಮುಗಿದಿರುತ್ತದೆ. ಈ ಸಲದ ದುಡ್ಡೂ ಅವರ ಖಾತೆಗೇ.