‘ಡ್ರೀಮ್ ಹೈ’ ಒಂದನ್ನೇ ನೋಡಿ ನಿಲ್ಲಿಸಬೇಡಿ

ಐಡಲ್ (ಏಜೆನ್ಸಿಗಳು ತರಬೇತಿ ಕೊಟ್ಟು ರೂಪಿಸುವ ಪಾಪ್ ತಾರೆ) ಆಗಲು ಹೊರಟ ಹದಿಹರೆಯದವರ ಕೊರಿಯನ್ ಧಾರಾವಾಹಿಗಳನ್ನು ವರ್ಷಗಳಿಂದ ನೋಡುತ್ತಾ ಬಂದಿದ್ದೇನೆ. ಮೊದಲು ಒಬ್ಬಳೇ ನೋಡುತ್ತಿದ್ದೆ, ಈಗ ಮನೆಯ ಮಕ್ಕಳೂ ಜೊತೆಗಿದ್ದಾರೆ. ಹೊಸದು ಎಷ್ಟು ಬಂದರೂ ಮನಸ್ಸು ಹೋಗಿ ನಿಲ್ಲುವುದು 2011ರಲ್ಲಿ ಕೆಬಿಎಸ್2 ವಾಹಿನಿಯಲ್ಲಿ ಬಂದ ‘ಡ್ರೀಮ್ ಹೈ’ ಮೇಲೇ. ಒಟ್ಟು 16 ಎಪಿಸೋಡ್.

ಕಥಾನಾಯಕಿ ಗೊ ಹೇಮಿ ಒಪೆರಾ ಗಾಯನ ಕಲಿತ ಹುಡುಗಿ. ಅಪ್ಪನ ಸಾಲ ತಲೆಯ ಮೇಲೆ ಬಿದ್ದಾಗ, ತಾನು ಕೀಳೆಂದು ತಿಳಿದಿದ್ದ ಪಾಪ್ ಸಂಗೀತದ ಬಾಗಿಲು ತಟ್ಟಬೇಕಾಗುತ್ತದೆ. ಕಿರಿನ್ ಕಲಾ ಪ್ರೌಢಶಾಲೆಯ ಆಡಿಷನ್‌ನಲ್ಲಿ ಅವಳನ್ನು ಬಿಟ್ಟು, ಅವಳ ಬೆನ್ನಹಿಂದೆಯೇ ಓಡಾಡಿಕೊಂಡಿದ್ದ ಗೆಳತಿ ಬೆಕ್‌ಹಿಯನ್ನು ಆರಿಸುತ್ತಾರೆ. “ಅದೆಲ್ಲ ಆರ್ಕೆಸ್ಟ್ರಾ ಹಾಡು” ಎಂದು ಮೂಗು ಮುರಿಯುವ ಹಿರಿಯರ ನಡುವೆ ಸಂಗೀತ ಕಲಿತವರಿಗೆ ಹೇಮಿಯ ಗರ್ವವೂ ಅದು ಮುರಿದಾಗಿನ ಸಂಕಟವೂ ಯಾರೂ ವಿವರಿಸದೆ ಅರ್ಥವಾಗುತ್ತವೆ. ಅವಳ ಕೊರತೆ ಕಂಠದಲ್ಲಿಲ್ಲ, ಎದುರಿಗಿರುವ ಕೇಳುಗನನ್ನು ಲೆಕ್ಕಕ್ಕೇ ತೆಗೆದುಕೊಳ್ಳದ ಮನಸ್ಸಿನಲ್ಲಿದೆ. ಇದನ್ನು ಸರಣಿ ಆತುರವಿಲ್ಲದೆ, ಪಾಠ ಪಾಠವಾಗಿ ತೋರಿಸುತ್ತದೆ. ಈ ಬಗೆಯ ಧಾರಾವಾಹಿಗಳಲ್ಲಿ ಕಲಿಕೆಯನ್ನು ಎರಡು ನಿಮಿಷದ ಹಾಡಿನಲ್ಲಿ ಮುಗಿಸಿಬಿಡುವುದೇ ಹೆಚ್ಚು.

ಹಳ್ಳಿಯಿಂದ ಬಂದ ಸೊಂಗ್ ಸಮ್‌ಡೊಂಗ್ ನನಗೆ ಎಲ್ಲರಿಗಿಂತ ಹತ್ತಿರದವನು. ಸಂಗೀತ ಒಲಿದ ಹೊತ್ತಿಗೇ ಅವನ ಕಿವಿ ಕೈಕೊಡುತ್ತದೆ. ಕಿಮ್ ಸೂ-ಹ್ಯುನ್ ಆ ಭಯವನ್ನು ಕೂಗಾಡದೆ, ಬರೀ ಕಣ್ಣಲ್ಲಿ ನಟಿಸಿದ್ದಾರೆ. ಎಷ್ಟನೇ ಸಲ ನೋಡಿದರೂ ಆ ಎಪಿಸೋಡ್‌ಗಳಲ್ಲಿ ನನ್ನ ಗಂಟಲು ಕಟ್ಟುತ್ತದೆ.

ತಾರಾಗಣವನ್ನು ಇವತ್ತು ನೋಡಿದರೆ ಬೆರಗಾಗುತ್ತದೆ. ಹೇಮಿಯ ಪಾತ್ರ ಮಾಡಿದ ನಟಿ ಸೂಜಿ ಅವರಿಗೆ ಆಗ 16 ವರ್ಷ, ಪಿಲ್‌ಸುಕ್ ಎಂಬ ಸಹಪಾಠಿಯ ಪಾತ್ರ ಮಾಡಿದ ಗಾಯಕಿ ಐಯುಗೆ 17. ಅಂದರೆ ತೆರೆಯ ಮೇಲಿನ ಹದಿಹರೆಯ ವೇಷವಲ್ಲ. ಇಂಗ್ಲಿಷ್ ಮೇಷ್ಟ್ರಾಗಿ ನಟಿಸಿರುವ ಪಾರ್ಕ್ ಜಿನ್-ಯಂಗ್ ನಿಜಜೀವನದಲ್ಲಿ ಐಡಲ್‌ಗಳನ್ನು ತಯಾರಿಸುವ ಜೆವೈಪಿ ಏಜೆನ್ಸಿ ಕಟ್ಟಿದವರು. ಐಯು ಹಿಂದೊಮ್ಮೆ ಅದೇ ಜೆವೈಪಿಯ ಆಡಿಷನ್‌ನಲ್ಲಿ ತಿರಸ್ಕೃತರಾಗಿದ್ದರು. ಸರಣಿಯಲ್ಲಿ ಅವರು ಹಾಡುವ ಹೆಸರಾಂತ ಹಾಡನ್ನು ಬರೆದವರೂ ಪಾರ್ಕ್ ಅವರೇ. ಇನ್ನೊಂದು ಮಾತು: ಕಥೆ ಶುರುವಾಗುವುದು 2018ರಲ್ಲಿ, ಕೊರಿಯಾದ ಗಾಯಕರೊಬ್ಬರು ಅಮೆರಿಕದ ಗ್ರ್ಯಾಮಿ ಸಂಗೀತ ಪ್ರಶಸ್ತಿ ಗೆದ್ದ ಕಲ್ಪನೆಯೊಂದಿಗೆ. ಬರೆದಾಗ ಅದು ಬರೀ ಕನಸು. ನಿಜವಾದ 2018 ಬಂದಾಗ ಗ್ರ್ಯಾಮಿ ಬರಲಿಲ್ಲ, ಆದರೆ ಕೊರಿಯಾದ ಬಿಟಿಎಸ್ ಗುಂಪಿನ ಆಲ್ಬಮ್ ಅಮೆರಿಕದ ಜನಪ್ರಿಯ ಆಲ್ಬಮ್‌ಗಳ ಬಿಲ್‌ಬೋರ್ಡ್ 200 ಪಟ್ಟಿಯ ತುದಿಗೇರಿತು.

ಇಷ್ಟು ಪ್ರೀತಿಸಿದ ಮೇಲೂ ಎರಡು ವಿಷಯದಲ್ಲಿ ನನಗೆ ಕೋಪವಿದೆ. ಒಂದು, ಪಿಲ್‌ಸುಕ್ ಕಥೆ. ಅಷ್ಟು ಚೆಂದ ಹಾಡುವ ಹುಡುಗಿ ಸಣ್ಣಗಾದ ಮೇಲಷ್ಟೇ ಒಲವಿಗೆ ಅರ್ಹಳಾಗುತ್ತಾಳೆ, ಅದನ್ನೇ ಗೆಲುವೆಂದು ಸಂಭ್ರಮಿಸುತ್ತಾರೆ. ಊಟ ಬಿಡುವ ವಯಸ್ಸಿನ ಹುಡುಗಿಯರು ಪಕ್ಕದಲ್ಲಿ ಕೂತು ನೋಡುತ್ತಿದ್ದರೆ ಅಲ್ಲೇ ನಿಲ್ಲಿಸಿ ಮಾತಾಡಿ.

ಇನ್ನೊಂದು ದುಡ್ಡಿನದು. ಸರಣಿಯಲ್ಲಿ ಕಣ್ಣಿಗೆ ಹೊಡೆಯುವ ಸಾಲ ಅಪ್ಪ ಮಾಡಿದ್ದು. ಏಜೆನ್ಸಿಯಲ್ಲಿ ತರಬೇತಿ ಪಡೆಯುವ ಟ್ರೈನಿಗಳ ಮೇಲೆಯೇ ಬೀಳುವ ಸಾಲದ ಲೆಕ್ಕ ಎಲ್ಲಿ? ತರಬೇತಿ, ವಸತಿ, ಆಲ್ಬಮ್ ಖರ್ಚು ವಸೂಲಾಗುವವರೆಗೆ, ಡೆಬ್ಯೂ (ಐಡಲ್ ಆಗಿ ಮೊದಲ ಪ್ರವೇಶ) ಆದ ಮೇಲೂ ಬಿಡಿಗಾಸು ಕಾಣದ ಕಲಾವಿದರು ಅಲ್ಲಿ ಎಷ್ಟೋ ಜನ. ಟಿವಿಎಕ್ಸ್‌ಕ್ಯೂ ಎಂಬ ಐಡಲ್ ಗುಂಪಿನ ಮೂವರು ತಮ್ಮ ಏಜೆನ್ಸಿಯೊಂದಿಗಿನ 13 ವರ್ಷಗಳ ಕರಾರಿನ ವಿರುದ್ಧ ಕೋರ್ಟಿಗೆ ಹೋಗಿದ್ದು 2009ರಲ್ಲಿ. ಅದೇ ವರ್ಷ ಸರ್ಕಾರದ ನ್ಯಾಯೋಚಿತ ವ್ಯಾಪಾರ ಆಯೋಗ ಏಳು ವರ್ಷದ ಮಿತಿಯ ಮಾದರಿ ಕರಾರು ತಂದಿತು. ಕರಾರು ಮುರಿದರೆ ಟ್ರೈನಿಯಿಂದ ಖರ್ಚಿನ ಎರಡು-ಮೂರು ಪಟ್ಟು ದಂಡ ಕೇಳುವ ಷರತ್ತುಗಳನ್ನು ತಿದ್ದಿಸಲು 2017 ಬರಬೇಕಾಯಿತು. ‘ಡ್ರೀಮ್ ಹೈ’ ನಿರ್ಮಾಣದಲ್ಲಿ ಜೆವೈಪಿಯದೂ ಪಾಲಿತ್ತು. ಐಡಲ್‌ಗಳನ್ನು ತಯಾರಿಸುವ ಸಂಸ್ಥೆಯೇ ಕಥೆ ಹೇಳುವಾಗ ಲೆಕ್ಕದ ಪುಸ್ತಕ ತೆರೆಯ ಹಿಂದೆ ಉಳಿಯುತ್ತದೆ ಎಂಬುದು ನನ್ನ ಅನಿಸಿಕೆ.

2012ರ ಎರಡನೇ ಸೀಸನ್ ಒಟ್ಟಾರೆ ಸಪ್ಪೆ. ಮೊದಲನೆಯದರ ಜೀವ ಅದರಲ್ಲಿಲ್ಲ. ಆದರೂ ಅಪ್ರಾಪ್ತ ಐಡಲ್‌ಗಳ ಕೆಲಸದ ವೇಳೆಗೆ ಕಾನೂನು ಕಡಿವಾಣ ಹಾಕಿದಾಗ ಏಜೆನ್ಸಿಯೊಂದು ಶಾಲೆಯನ್ನೇ ಕೊಂಡುಕೊಳ್ಳುವ ಅದರ ಎಳೆ ಮೆಚ್ಚುವಂಥದ್ದು. ಇಂಥ ಮಿತಿಗಳಿರುವ ಕಾಯ್ದೆ ಕೊರಿಯಾದಲ್ಲಿ ನಿಜಕ್ಕೂ 2014ರಲ್ಲಿ ಜಾರಿಗೆ ಬಂತು.

ಆದ್ದರಿಂದ ‘ಡ್ರೀಮ್ ಹೈ’ ಮುಗಿದ ಮೇಲೆ ಜೆಟಿಬಿಸಿ ವಾಹಿನಿಯ ‘ಐಡಲ್: ದಿ ಕೂ’ (2021, 12 ಎಪಿಸೋಡ್) ನೋಡಿ. ಡೆಬ್ಯೂ ಆಗಿ ವರ್ಷಗಳಾದರೂ ಯಾರೂ ಗುರುತಿಸದ ಹುಡುಗಿಯರ ಗುಂಪು ಅದರ ಕೇಂದ್ರ. ಮುಖ್ಯ ಪಾತ್ರ ಮಾಡಿದ ಗಾಯಕಿ ಹಾನಿ (Hani) ಅವರಿಗೆ ಆ ನೋವು ಹೊರಗಿನದಲ್ಲ. ಅವರ ಇಎಕ್ಸ್‌ಐಡಿ (EXID) ಗುಂಪು 2012ರಲ್ಲಿ ಶುರುವಾಗಿ, 2014ರಲ್ಲಿ ಅಭಿಮಾನಿಯೊಬ್ಬರು ತೆಗೆದ ವಿಡಿಯೊ ಹರಡುವವರೆಗೆ ಮೂಲೆಯಲ್ಲೇ ಇತ್ತು. ಸರಣಿಯ ಗತಿ ನಿಧಾನ, ನಗು ಕಡಿಮೆ. ಆದರೆ ಸುಳ್ಳು ಆಸೆ ಹುಟ್ಟಿಸುವುದಿಲ್ಲ.

ನೋಡುವವರಿಗೆ ಎರಡು ಮಾತು. ‘ಡ್ರೀಮ್ ಹೈ’ಯ ಮೊದಲ ಎರಡು ಎಪಿಸೋಡ್ ತುಸು ಅತಿರೇಕದ್ದು, ಮೂರನೆಯದರಿಂದ ಹಿಡಿತಕ್ಕೆ ಬರುತ್ತದೆ. ಇಂಗ್ಲಿಷ್ ಸಬ್‌ಟೈಟಲ್ ಓದಲು ತಡವರಿಸುವ ಮಕ್ಕಳಿದ್ದರೆ ಪಕ್ಕದಲ್ಲಿ ಕೂತು ಓದಿ ಹೇಳಿ. ಬೆಕ್‌ಹಿಯ ಕಥೆಯಲ್ಲಿ ಮುಂದೆ ಲೈಂಗಿಕ ದೌರ್ಜನ್ಯದ ಪ್ರಸಂಗ ಬರುತ್ತದೆ, ಹನ್ನೆರಡು-ಹದಿಮೂರರ ಒಳಗಿನವರಿಗೆ ತೋರಿಸುವ ಮೊದಲು ನೀವೇ ಒಮ್ಮೆ ನೋಡಿಕೊಳ್ಳಿ.